ಓದುಗರ ಪ್ರಶ್ನೆ: ಸಮಾಂತರ ವಿಶ್ವಗಳ ಚರಿತ್ರೆಗೆ ಸಾಕ್ಷ್ಯ ಯಾವುದು?

ಪ್ರಶ್ನೆ: ನಮ್ಮ ವಿಶ್ವದಂಥವೇ ಇನ್ನೂ ಹಲವು ವಿಶ್ವಗಳಿರಬಹುದೆಂದು ಕೆಲವು ಭೌತವಿಜ್ಞಾನಿಗಳು ಹೇಳುತ್ತಾರೆ. ಆ ಎಲ್ಲ ವಿಶ್ವಗಳ ಚರಿತ್ರೆಯನ್ನು ದಾಖಲಿಸುವ ಶಾಸ್ತ್ರವೊಂದು ಹುಟ್ಟಿದರೆ ಅದರ ಅಧ್ಯಯನ ವಿಧಾನ ಹೇಗಿರಬಹುದು? ಅದರಿಂದ ನಮಗೇನು ಪ್ರಯೋಜನ?
— ಬೇಲೂರು ತಾಲ್ಲೂಕಿನ ಓದುಗರೊಬ್ಬರು

ಉತ್ತರ: ತಾವು ಹೇಳುವ ವಿಚಾರದ ಒಂದು ಮುಖ್ಯ ಮೂಲ, ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ ಹಗ್ ಎವೆರೆಟ್ 1957ರಲ್ಲಿ ಮಂಡಿಸಿದ ಸಿದ್ಧಾಂತ. ಕ್ವಾಂಟಮ್ ಮಾಪನದಲ್ಲಿ, ಎಂದರೆ ಪರಮಾಣುವಿನಂಥ ಅತಿ ಸೂಕ್ಷ್ಮ ವಸ್ತುಗಳನ್ನು ಅಳೆಯುವಾಗ, ಸಾಧ್ಯವಿರುವ ಫಲಿತಾಂಶಗಳೆಲ್ಲವೂ ಬೇರೆ ಬೇರೆ ಕವಲುಗಳಲ್ಲಿ ಘಟಿಸುತ್ತವೆ ಎಂಬುದು ಅದರ ಸಾರ. ಒಮ್ಮೆ ಬೇರ್ಪಟ್ಟ ಕವಲುಗಳ ನಡುವೆ ಸುದ್ದಿ ಸಾಗಲು ಅದರಲ್ಲಿ ದಾರಿಯಿಲ್ಲವಾದ್ದರಿಂದ ಈ ಶಾಸ್ತ್ರ ಕಲ್ಪನೆಯದೇ ಆಗಿರಬೇಕಾಗುತ್ತದೆ. ಆದರೂ ಅದರ ವಿಧಾನವನ್ನು ಶಿಸ್ತಿನಿಂದ ಯೋಚಿಸಬಹುದು. ನನ್ನ ಮಟ್ಟಿಗೆ, ಅದಕ್ಕೆ ಬೇಕಾದ ತಿಳಿವಳಿಕೆ ನಮ್ಮ ಗ್ರಂಥಸಂಪಾದನಾಶಾಸ್ತ್ರದಲ್ಲಿ, ಎಂದರೆ ಹಳೆಯ ಕೃತಿಯ ಪ್ರತಿಗಳನ್ನು ಹೋಲಿಸಿ ಮೂಲಪಾಠವನ್ನು ಹುಡುಕುವ ಶಾಸ್ತ್ರದಲ್ಲಿ, ಈಗಾಗಲೇ ಇದೆ.

ಒಂದು ಕಾವ್ಯದ ಹತ್ತು ಓಲೆಪ್ರತಿಗಳು ದೊರೆತು, ಅವುಗಳಲ್ಲಿ ಒಂಬತ್ತು ಒಂದೇ ಮಾತೃಪ್ರತಿಯಿಂದ ನಕಲಾದವೆಂದು ತಿಳಿದರೆ, ಸಂಪಾದಕರು ಆ ಒಂಬತ್ತನ್ನೂ ಒಂದೇ ಸಾಕ್ಷಿಯೆಂದು ಎಣಿಸುತ್ತಾರೆ. ವಿಶ್ವಗಳಿಗೂ ಇದೇ ನಿಯಮ ಸಲ್ಲುತ್ತದೆ. ತಮ್ಮ ತಾಲ್ಲೂಕಿನ ಹಲ್ಮಿಡಿ ಶಾಸನವನ್ನೇ ನೋಡಿ. ಅದರಲ್ಲಿ ಕಾಲದ ಉಲ್ಲೇಖವಿಲ್ಲ, ಸುಮಾರು ಕ್ರಿ.ಶ. 450 ಎಂಬುದು ಲಿಪಿಯ ಆಧಾರದ ಮೇಲೆ ಹೇಳಿದ ಮಾತು, ಆ ಬಗ್ಗೆ ಚರ್ಚೆಯೂ ನಡೆದಿದೆ. ಕ್ರಿ.ಶ. 1000ದಲ್ಲಿ ನಮ್ಮಿಂದ ಕವಲೊಡೆದ ನೂರು ವಿಶ್ವಗಳಲ್ಲಿ ಆ ಕಲ್ಲು ದೊರೆತರೂ ಅದರ ಕಾಲನಿರ್ಣಯಕ್ಕೆ ಎಳ್ಳಷ್ಟೂ ಹೊಸ ಬಲ ಬರುವುದಿಲ್ಲ, ಏಕೆಂದರೆ ಅವೆಲ್ಲವೂ ಒಂದೇ ಕೈ ಕೊರೆದ ಒಂದೇ ಕಲ್ಲು.

ಆದರೆ ಪ್ರಯೋಜನವಿರುವುದೂ ಇಲ್ಲಿಯೇ. ಪಲ್ಮಿಡಿ, ಮೂಳಿವಳ್ಳಿ ಎಂಬ ಊರುಗಳನ್ನು ವಿಜಅರಸನಿಗೆ ಬಾಳ್ಗಳ್ಚಾಗಿ, ಎಂದರೆ ಪರಾಕ್ರಮಕ್ಕೆ ಮೆಚ್ಚಿ ಕೊಟ್ಟ ದತ್ತಿಯಾಗಿ, ನೀಡಿದ್ದನ್ನು ಆ ಶಾಸನ ಹೇಳುತ್ತದೆ. ಅದೇ ದತ್ತಿಯನ್ನು ಕಾಲದ ಉಲ್ಲೇಖದೊಡನೆ ಹೇಳುವ ಇನ್ನೊಂದು ಕಲ್ಲು ಇತ್ತೆಂದುಕೊಳ್ಳೋಣ. ನಮ್ಮ ವಿಶ್ವದಲ್ಲಿ ಅದನ್ನು ಒಡೆದು ಯಾವುದೋ ಮನೆಯ ತಳಪಾಯಕ್ಕೆ ಹಾಕಿರಬಹುದು. ಇನ್ನೊಂದರಲ್ಲಿ ಅದು ಹೊಲದ ಬದುವಿನಲ್ಲಿ ಅಕ್ಷರ ಮಾಸದೆ ನಿಂತಿರಬಹುದು. ಕವಲೊಡೆಯುವ ಮೊದಲೇ ಕೊರೆದದ್ದಾದ್ದರಿಂದ ಅದರ ಪ್ರತಿಯೊಂದು ಸಾಲೂ ನಮ್ಮ ಚರಿತ್ರೆಯೇ. ಬರೆಹವಿರುವ ಕಲ್ಲುಗಳು ಮೆಟ್ಟಿಲಾಗಿ, ಒಗೆಯುವ ಕಲ್ಲಾಗಿ ಸವೆದುಹೋದದ್ದನ್ನು ಬಲ್ಲವರಿಗೆ ಇದು ಎಷ್ಟು ದೊಡ್ಡ ಸಂಪತ್ತೆಂದು ಬಿಡಿಸಿ ಹೇಳಬೇಕಾಗಿಲ್ಲ.

ಆದ್ದರಿಂದ ಈ ಶಾಸ್ತ್ರಜ್ಞರ ಮೊದಲ ಕೆಲಸ ಕವಲಿನ ಕಾಲವನ್ನು ನಿಗದಿ ಮಾಡುವುದು. ಅದಕ್ಕೆ ಹಿಂದಿನದು ಇಬ್ಬರಿಗೂ ಸೇರಿದ್ದು, ಮುಂದಿನದು ಅವರವರದು. ಬಿ.ಎಲ್. ರೈಸ್ ಅವರು 1902ರಲ್ಲಿ ಹೊರತಂದ ಹಾಸನ ಜಿಲ್ಲೆಯ ಶಾಸನ ಸಂಪುಟದಲ್ಲಿ ಪ್ರತಿ ಶಾಸನವನ್ನೂ ತಾಲ್ಲೂಕು ಮತ್ತು ಕ್ರಮಸಂಖ್ಯೆಯಿಂದ ಗುರುತಿಸಲಾಗಿದೆ. ಹೊಸ ಶಾಸ್ತ್ರದಲ್ಲಿ ಇವೆರಡರ ಜೊತೆಗೆ ಕವಲಿನ ಹೆಸರನ್ನೂ ಬರೆಯಬೇಕಾದೀತು.

ಪ್ರಶ್ನೆ: ದೆಹಲಿ ಸುಲ್ತಾನರ ಸೇನಾಪತಿ ಮಲಿಕ್ ಕಾಫರ್ ದೋರಸಮುದ್ರಕ್ಕೆ (ಇಂದಿನ ಹಳೇಬೀಡಿಗೆ) ದಂಡೆತ್ತಿ ಬಾರದ ವಿಶ್ವದಲ್ಲಿ ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯಕ್ಕೆ ಶಿಖರವಿರುತ್ತಿತ್ತೇ? ಬಾಬಾ ಬುಡನ್ ಕಾಫಿ ಬೀಜ ತರದ ವಿಶ್ವದಲ್ಲಿ ನಮ್ಮ ಜಿಲ್ಲೆ ಹೇಗಿರುತ್ತಿತ್ತು?
— ಚಿಕ್ಕಮಗಳೂರಿನ ಓದುಗರೊಬ್ಬರು

ಉತ್ತರ: ದೇವಾಲಯದ ನಿರ್ಮಾಣ ಆರಂಭವಾದದ್ದು ಸುಮಾರು 1121ರಲ್ಲಿ, ದಾಳಿ ನಡೆದದ್ದು 1311ರಲ್ಲಿ. ನಡುವೆ ಸುಮಾರು 190 ವರ್ಷಗಳಿರುವಾಗ, ಇಂದು ಶಿಖರವಿಲ್ಲದಿರುವುದಕ್ಕೆ ದಾಳಿಯೇ ಕಾರಣವೆಂದು ಮೊದಲೇ ತೀರ್ಮಾನಿಸುವುದು ಸರಿಯಲ್ಲ. ದಾಳಿಗೆ ತುಸು ಮೊದಲು ಕವಲೊಡೆದ, ದಾಳಿ ನಡೆಯದ ಹಲವು ವಿಶ್ವಗಳಲ್ಲಿಯೂ ಶಿಖರ ಕಾಣದಿದ್ದರೆ ಆ ವಾದ ಬಿದ್ದುಹೋಗುತ್ತದೆ. ಒಂದೇ ವಿಶ್ವವನ್ನು ನೋಡಿದರೆ ಸಾಲದು, ಅಲ್ಲಿ ಬೇರೊಂದು ಯುದ್ಧವೋ ಬರಗಾಲವೋ ಬಂದಿರಬಹುದು. 1100ರಲ್ಲೇ ಕವಲೊಡೆದ ವಿಶ್ವದಿಂದ ಈ ಪ್ರಶ್ನೆಗೆ ಉತ್ತರ ಸಿಗದು; ಅಲ್ಲಿ ಆ ದೇವಾಲಯವನ್ನೇ ಕಟ್ಟದಿರಬಹುದು.

ಕಾಫಿಯ ವಿಷಯ ಬೇರೆ. ಬಾಬಾ ಬುಡನ್ ಯೆಮನ್‌ನ ಮೋಕಾದಿಂದ ಏಳು ಬೀಜಗಳನ್ನು ತಂದು ಚಂದ್ರದ್ರೋಣ ಪರ್ವತದಲ್ಲಿ ನೆಟ್ಟರೆಂಬುದು 17ನೆಯ ಶತಮಾನಕ್ಕೆ ಸಂಬಂಧಿಸಿದ ಐತಿಹ್ಯ, ಅದಕ್ಕೆ ಖಚಿತ ವರ್ಷವಿಲ್ಲ. ಹೋಲಿಸಬೇಕಾದ ವಿಶ್ವಗಳನ್ನು ಆರಿಸಿಕೊಳ್ಳುವ ಮೊದಲು ನಮ್ಮ ವಿಶ್ವದಲ್ಲೇ ಆ ಘಟನೆಯ ಕಾಲ ತಿಳಿದಿರಬೇಕಾಗುತ್ತದೆ.