ಒಬ್ಬಾಕಿ, ಆರು ಪಾತ್ರ: ವಿಡಿಯೊದಾಗ ಯಾಕ ಕೆಡ್ತದ?

ಪ್ರಶ್ನೆ: ನಮ್ಮ ತಂಡದ್ದು ಒಂದು ತಾಸಿನ ಏಕವ್ಯಕ್ತಿ ಹಾಸ್ಯನಾಟಕ. ಅತ್ತಿ, ಸೊಸಿ, ಬಳಿಗಾರ್ತಿ, ಬಸ್ ಕಂಡಕ್ಟರ್ ಹಿಂಗ ಆರು ಪಾತ್ರ, ಮಾಡಾಕಿ ಒಬ್ಬಾಕಿ. ಜನ ಬಿದ್ದು ಬಿದ್ದು ನಕ್ಕರು. ವಿಡಿಯೊದಲ್ಲಿ ಮಾತ್ರ ಮುಖ ಸುಣ್ಣ ಬಳಿದಂತಿದೆ, ಸೆರಗಿನ ಸರಸರ ಸಪ್ಪಳ, ಯಾವ ಮಾತು ಯಾರದ್ದೋ ತಿಳಿಯುವುದಿಲ್ಲ. ಮತ್ತೊಮ್ಮೆ ಚಿತ್ರೀಕರಿಸಬೇಕು. ಏನು ಮಾಡೋಣ?
– ಓದುಗರು, ಜಮಖಂಡಿ

ಉತ್ತರ: ಕ್ಯಾಮೆರಾಕ್ಕಿಂತ ಮೊದಲು ನೋಟ ತಿದ್ದಿ. ಅತ್ತಿ ಕುಂತಾಕಿ, ಆಕೆಯ ನೋಟ ಸದಾ ಬಲಕ್ಕೆ, ತುಸು ಮೇಲಕ್ಕೆ. ಸೊಸಿ ನಿಂತಾಕಿ, ಎಡಕ್ಕೆ, ಕೆಳಕ್ಕೆ. “ಎಣ್ಣಿ ಯಾಕಿಷ್ಟ್ ಸುರದೀ?” ಅಂದಮೇಲೆ ಬಾಯಿ ಮುಚ್ಚಬೇಕು, ಮೈ ತಿರುಗಬೇಕು, ಸೆರಗು ತಲೆಗೇರಬೇಕು. ಆಮೇಲೆಯೇ “ನಾ ಎಲ್ಲಿ ಸುರದೇನ್ರಿ ಅತ್ತಿ?” ತಿರುಗುತ್ತಲೇ ಮಾತು ಶುರುವಾದರೆ ಆ ಮಾತು ಇಬ್ಬರದ್ದೂ ಆಗುವುದಿಲ್ಲ. ಸಭಾಂಗಣದಲ್ಲಿ ಇಡೀ ಮೈ ಕಾಣುವುದರಿಂದ ಈ ತಪ್ಪು ಮುಚ್ಚಿಹೋಗುತ್ತದೆ, ಕ್ಲೋಸಪ್ಪಿನಲ್ಲಿ ಎದ್ದು ಕಾಣುತ್ತದೆ. ಆದ್ದರಿಂದ ಪಾತ್ರ ಬದಲಾಗುವ ಕ್ಷಣದಲ್ಲಿ ಎಡಿಟಿಂಗ್ ಕತ್ತರಿ ಹಾಕಲೇಬೇಡಿ. ಆ ತಿರುಗುವಿಕೆಯಲ್ಲೇ ಕಲಾವಿದೆಯ ಕಸುಬು ಇರುವುದು.

ಎರಡು ಕ್ಯಾಮೆರಾ ಸಾಕು: ನಟ್ಟನಡುವೆ ಇಡೀ ಮೈಗೊಂದು, ಅದರ ಪಕ್ಕದಲ್ಲೇ ಸೊಂಟದಿಂದ ಮೇಲಕ್ಕೊಂದು. ಸೈಡ್‌ವಿಂಗಿನಲ್ಲಿ ಇಟ್ಟರೆ ಒಂದು ಪಾತ್ರದ ಬೆನ್ನಷ್ಟೇ ಸಿಗುತ್ತದೆ.

ಮುಖ ಬೆಳ್ಳಗಾಗುವುದು ಆಟೊ ಎಕ್ಸ್‌ಪೋಷರಿನಿಂದ. ಹಿಂದಿನ ಕಪ್ಪು ಪರದೆ ನೋಡಿ ಕ್ಯಾಮೆರಾ ಬೆಳಕು ಏರಿಸುತ್ತದೆ. ಮುಖಕ್ಕೆ ಹೊಂದಿಸಿ ಲಾಕ್ ಮಾಡಿ, ಬಣ್ಣ ಹೊಂದಿಸುವ ವೈಟ್ ಬ್ಯಾಲೆನ್ಸನ್ನೂ ಹಾಗೆಯೇ. ನಮ್ಮ ಕರೆಂಟು 50 ಹರ್ಟ್ಸ್, ಹೀಗಾಗಿ ಸೆಕೆಂಡಿಗೆ 25 ಫ್ರೇಮು, ಶಟರ್ 1/50 ಸೆಕೆಂಡು. ಇಲ್ಲವಾದರೆ ಎಲ್‌ಇಡಿ ದೀಪಗಳು ಮಿಣುಕಬಹುದು.

ಸಪ್ಪಳ ಇಳಕಲ್ ಸೀರೆಯ ರೇಷ್ಮೆ ಸೆರಗಿನದ್ದು. ಪಾತ್ರಕ್ಕೊಮ್ಮೆ ಅದು ಜಾಗ ಬದಲಿಸುತ್ತದೆ, ಮೈಕಿಗೆ ತಿಕ್ಕುತ್ತದೆ. ಸೆರಗು ಹೋಗುವ ಹೆಗಲು ಬಿಟ್ಟು ಇನ್ನೊಂದು ಬದಿಗೆ, ಕುಪ್ಪಸದ ಕೊರಳಂಚಿಗೆ ಮೈಕನ್ನು ಟೇಪಿನಿಂದ ಕೂರಿಸಿ. ಕಂಡಕ್ಟರ್ “ಮುಂದ ನಡೀರಿ!” ಅಂತ ಒದರಿದಾಗಲೂ ರೆಕಾರ್ಡಿಂಗ್ ಮೀಟರಿನಲ್ಲಿ ಧ್ವನಿಮಟ್ಟ ಮೈನಸ್ 12 ಡೆಸಿಬಲ್ ದಾಟದಂತೆ ತಾಲೀಮಿನಲ್ಲೇ ಹೊಂದಿಸಿ. ಜನರ ನಗುವಿಗೆ ಬೇರೆ ಮೈಕು, ಬೇರೆ ಟ್ರ್ಯಾಕು. ಮಾತಿನಡಿ ಅದನ್ನು ತಗ್ಗಿಸಿ, ಪೂರ್ತಿ ಅಳಿಸಬೇಡಿ. ನಗುವಿಲ್ಲದಿದ್ದರೆ ಆಕೆ ನಿಂತು ಕಾಯುವುದು ಮಾತು ಮರೆತಂತೆ ಕಾಣುತ್ತದೆ.

ಇನ್ನೊಂದು: ಕುಪ್ಪಸಕ್ಕೆ ಬಳಸುವ ಗುಳೇದಗುಡ್ಡದ ಖಣದ ಸಣ್ಣ ನೇಯ್ಗೆ, ಸೀರೆಯ ಸಣ್ಣ ಚೌಕಳಿ ಕ್ಯಾಮೆರಾದಲ್ಲಿ ಅಲೆಯಲೆಯಾಗಿ ಕುಣಿಯಬಹುದು. ಹಿಂದಿನ ದಿನವೇ ಅದೇ ಬಟ್ಟೆಯಲ್ಲಿ, ಅದೇ ದೂರದಿಂದ ಐದು ನಿಮಿಷ ತೆಗೆದು ದೊಡ್ಡ ಪರದೆಯಲ್ಲಿ ನೋಡಿ. ಕುಣಿದರೆ ದೊಡ್ಡ ಚೌಕಳಿಯ ಸೀರೆ ಉಡಿಸಿ.