ಮೇಷ್ಟ್ರನ್ನು ಕೇಳಿ: ಮೈಸೂರಿನ ಕುದುರೆಗಳು ಹೈಫಾಕ್ಕೆ ಹೋಗಿದ್ದೇಕೆ?

ಪ್ರಶ್ನೆ: ಮೇಷ್ಟ್ರೇ, ಮೊದಲ ಮಹಾಯುದ್ಧದಲ್ಲಿ ನಮ್ಮ ಮೈಸೂರು ಸೈನ್ಯ ಬರೀ ಭರ್ಜಿ ಹಿಡಿದು ಹೈಫಾ ಊರನ್ನು ಗೆದ್ದಿತಂತೆ, 900 ಜನ ಸತ್ತರಂತೆ. ವಾಟ್ಸಾಪಿನಲ್ಲಿ ಬಂದಿದೆ. ನಿಜವಾ? ನಮಗೂ ತುರ್ಕಿಯವರಿಗೂ ಏನು ಜಗಳ? (ಓದುಗರು, ಚಳ್ಳಕೆರೆ)

ಉತ್ತರ: ಅರ್ಧ ನಿಜ. ಇದೇ ಮೆಸೇಜು ನನಗೂ ನಾಲ್ಕು ಸಲ ಬಂದಿದೆ. ಎರಡು ಸಲ ಕಳಿಸಿದ್ದು ನನ್ನ ಹಳೇ ವಿದ್ಯಾರ್ಥಿಗಳೇ. ಇತಿಹಾಸದಲ್ಲಿ ಅವರಿಗೆ ನಾನು ಕೊಟ್ಟ ಮಾರ್ಕ್ಸು ಜಾಸ್ತಿ ಆಯಿತು ಅನ್ನಿಸುತ್ತದೆ.

ಜಗಳದ ವಿಷಯ ಮೊದಲು. ನಮಗೂ ತುರ್ಕಿಗೂ ಏನೂ ಇರಲಿಲ್ಲ. ಜಗಳ ಬ್ರಿಟಿಷರದು. 1889ರಲ್ಲಿ ಅವರೊಂದು ಏರ್ಪಾಡು ಮಾಡಿದ್ದರು. ಸಂಸ್ಥಾನಗಳು ತಮ್ಮ ಖರ್ಚಿನಲ್ಲಿ ಪಡೆ ಸಾಕಬೇಕು, ಸಾಮ್ರಾಜ್ಯಕ್ಕೆ ಬೇಕಾದಾಗ ಕಳಿಸಬೇಕು. ಮೈಸೂರು ಲ್ಯಾನ್ಸರ್ಸ್ ಅಂಥ ಕುದುರೆ ಪಡೆ. 1914ರಲ್ಲಿ ಯುದ್ಧ ಶುರುವಾದ ವರ್ಷವೇ ಹಡಗು ಹತ್ತಿತು. ಮೊದಲು ಈಜಿಪ್ಟಿಗೆ, ಸೂಯೆಜ್ ಕಾಲುವೆ ಕಾಯುವುದಕ್ಕೆ. ಅಲ್ಲಿಂದ ಮುಂದೆ ಪ್ಯಾಲೆಸ್ಟೈನಿಗೆ.

ಇನ್ನು ಹೈಫಾ. ಈಗ ಇಸ್ರೇಲಿನಲ್ಲಿರುವ ಊರು, ಆಗ ತುರ್ಕಿಯವರ ಕೈಯಲ್ಲಿತ್ತು. ತಾರೀಖು 1918 ಸೆಪ್ಟೆಂಬರ್ 23. ನಿಮಗೆ ಜಾಗ ಕಣ್ಣಿಗೆ ಕಟ್ಟಬೇಕಲ್ಲ, ಹೀಗೆ ಅಂದುಕೊಳ್ಳಿ. ದುರ್ಗದ ಬೆನ್ನಿಗೆ ಜೋಗಿಮಟ್ಟಿ ಇದ್ದ ಹಾಗೆ ಹೈಫಾದ ಬೆನ್ನಿಗೆ ಕಾರ್ಮೆಲ್ ಬೆಟ್ಟ. ಆಚೆ ಕಡೆ ಕಿಶೋನ್ ಅಂತ ಒಂದು ಸಣ್ಣ ನದಿ. ನಡುವಿನ ಇಕ್ಕಟ್ಟಿನಲ್ಲಿ ಊರಿಗೆ ದಾರಿ. ಬೆಟ್ಟದ ಮೇಲೆ ಫಿರಂಗಿ, ಕೆಳಗೆ ಮೆಷಿನ್ ಗನ್. ಮೈಸೂರಿನವರ ಜೊತೆಗಿದ್ದ ಜೋಧಪುರ ಸಂಸ್ಥಾನದ ಸವಾರರು ಮಧ್ಯಾಹ್ನ 2 ಗಂಟೆಗೆ ನದಿ ಕಡೆಯಿಂದ ನುಗ್ಗಿದರು. ವೇದಾವತಿ ಮರಳಲ್ಲಿ ಎತ್ತಿನಗಾಡಿ ಹೂತುಕೊಳ್ಳುತ್ತದಲ್ಲ, ಹಾಗೆ ಮುಂದಿನ ಕುದುರೆಗಳು ಕುಸಿಯುವ ಮರಳಿನಲ್ಲಿ ಸಿಕ್ಕಿಕೊಂಡವು. ಉಳಿದವರು ಎಡಕ್ಕೆ ತಿರುಗಿ ಊರೊಳಗೆ ಹೊಕ್ಕರು. ಅವರ ಮುಂದಾಳು ಮೇಜರ್ ದಳಪತ್ ಸಿಂಗ್ ಆ ಕಾದಾಟದಲ್ಲಿ ತೀರಿಕೊಂಡರು. ಹಿಂದೆಯೇ ಮೈಸೂರಿನವರು ಹೊಕ್ಕರು.

ಅದಕ್ಕೂ ಮೊದಲೇ ಮೈಸೂರಿನ ಒಂದು ತುಕಡಿಯನ್ನು ಬೆಟ್ಟದ ಮೇಲಿನ ಫಿರಂಗಿ ಹಿಡಿಯಲು ಕಳಿಸಿದ್ದರು. ಆ ಹತ್ತುದಾರಿಯಲ್ಲಿ ಎಷ್ಟೋ ಕುದುರೆಗಳು ಕುಂಟಿ ಹಿಂದೆ ಉಳಿದವು. ಕೊನೆಗೆ ಮೇಲೆ ನುಗ್ಗಿದ್ದು ಕೆಲವೇ ಸವಾರರು. ಈ ಮಾತು ಓದಿದಾಗ ನಾನು ಪುಸ್ತಕ ಮುಚ್ಚಿ ಸುಮ್ನೆ ಕೂತೆ. ನಮ್ಮಪ್ಪ ದಾವಣಗೆರೆ ಸ್ಟೇಷನ್ ಮುಂದೆ ಜಟಕಾ ಓಡಿಸುತ್ತಿದ್ದರು. ಲಾಳ ಹೊಡೆಸುವಾಗ ಕುದುರೆಯ ಕಾಲನ್ನು ತೊಡೆ ಮೇಲೆ ಹಿಡಿದುಕೊಳ್ಳುವ ಕೆಲಸ ನನ್ನದು. ಗೊರಸು ಹೆರೆದ ಜಾಗ ಬೆಳ್ಳಗೆ, ಕೊಬ್ಬರಿ ಹೋಳಿನ ಹಾಗೆ ಇರುತ್ತಿತ್ತು. ಒಂದು ಮೊಳೆ ಓರೆಯಾಗಿ ಕೂತರೂ ಸಾಕು, ಪ್ರಾಣಿ ಮೂರು ದಿನ ಕಾಲೂರುತ್ತಿರಲಿಲ್ಲ. ಅಪ್ಪ ಗಾಡಿ ಕಟ್ಟುತ್ತಿರಲಿಲ್ಲ, ಮನೆಯಲ್ಲಿ ಮೂರು ದಿನ ಕೈ ಬಿಗಿ. ಕಲ್ಲುದಾರಿಯಲ್ಲಿ ಕುಂಟುವ ಕುದುರೆ ಅಂದರೆ ಏನು ಅಂತ ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ಇನ್ನು ಲೆಕ್ಕ. ಆ ದಿನ ಸತ್ತವರು 8 ಜನ, ಗಾಯಗೊಂಡವರು 34. ಇದು ಮೈಸೂರಿನದೊಂದೇ ಅಲ್ಲ, ನಮ್ಮ ಕಡೆಯ ಎಲ್ಲ ಪಡೆ ಸೇರಿ. ಸೆರೆ ಸಿಕ್ಕ ತುರ್ಕಿ ಕಡೆಯವರು 1,350 ಜನ, ಜೊತೆಗೆ 17 ಫಿರಂಗಿ. 900ರ ಮಾತು ಮರೆತುಬಿಡಿ. ಯಾರೂ ಫಾರ್ವರ್ಡ್ ಮಾಡದ ಲೆಕ್ಕ ಇನ್ನೊಂದಿದೆ: ಸತ್ತ ಕುದುರೆ 60, ಗಾಯಗೊಂಡವು 83. ಬರೀ ಭರ್ಜಿ ಅನ್ನುವುದೂ ಪೂರ್ತಿ ಸರಿಯಲ್ಲ. ಸವಾರರ ಕೈಯಲ್ಲಿ ಭರ್ಜಿ ಇತ್ತು, ಆದರೆ ಅವರ ಬೆನ್ನಿಗೆ ಫಿರಂಗಿಯೂ ಮೆಷಿನ್ ಗನ್ನೂ ಇದ್ದವು. ಇದರಿಂದ ಅವರ ಧೈರ್ಯವೇನೂ ಕಡಿಮೆಯಾಗುವುದಿಲ್ಲ.

ಹೈಫಾದ ಸದ್ದಿನಲ್ಲಿ ಮುಚ್ಚಿಹೋದದ್ದು ಹರಿತಾನ್. ಸಿರಿಯಾದ ಅಲೆಪ್ಪೊ ಊರಿನಾಚೆ, ಅಕ್ಟೋಬರ್ 26ರಂದು, ಇದೇ ಮೈಸೂರು ಮತ್ತು ಜೋಧಪುರದ ಸವಾರರು ಹಿಂದೆ ಸರಿಯುತ್ತಿದ್ದ ತುರ್ಕಿ ಸೇನೆಯ ಮೇಲೆ ಬಿದ್ದರು. ಎದುರಿಗಿದ್ದವರು ಅಂದುಕೊಂಡದ್ದಕ್ಕಿಂತ ಜಾಸ್ತಿ ಇದ್ದರು. ಹೈಫಾಕ್ಕಿಂತ ಹೆಚ್ಚು ಜನ ಸತ್ತದ್ದು ಅಲ್ಲಿ. ನಾಲ್ಕೇ ದಿನಕ್ಕೆ, 30ನೇ ತಾರೀಖು, ತುರ್ಕಿಯ ಜೊತೆ ಕದನವಿರಾಮಕ್ಕೆ ಸಹಿ ಬಿತ್ತು.

ಪ್ರಶ್ನೆ: ಸರ್, ಆಗ ಮೈಸೂರು ಒಂದು ದೇಶ ಆಗಿತ್ತಾ? (ಕಾಲೇಜು ವಿದ್ಯಾರ್ಥಿನಿ, ದಾವಣಗೆರೆ)

ಉತ್ತರ: ಬಾವುಟ ಇತ್ತು, ಪಡೆ ಇತ್ತು, ದಿವಾನರಿದ್ದರು. ಯುದ್ಧಕ್ಕೆ ಬರಲ್ಲ ಅನ್ನುವ ಅಧಿಕಾರ ಮಾತ್ರ ಇರಲಿಲ್ಲ ಕಣಮ್ಮ. ನಮ್ಮ ಚಿತ್ರದುರ್ಗ ಆ ಸಂಸ್ಥಾನದ ಜಿಲ್ಲೆ, ದಾವಣಗೆರೆ ಆ ಜಿಲ್ಲೆಯೊಳಗಿನ ಊರು. ಸಂಸ್ಥಾನ ಬ್ರಿಟಿಷರಿಗೆ ವರ್ಷಕ್ಕೆ 35 ಲಕ್ಷ ರೂಪಾಯಿ ಕಪ್ಪ ಕಟ್ಟುತ್ತಿತ್ತು. ಅದು ಸಾಲದು ಅಂತ ನಾಲ್ವಡಿ ಕೃಷ್ಣರಾಜ ಒಡೆಯರು ಯುದ್ಧನಿಧಿಗೆ 50 ಲಕ್ಷ ಕೊಟ್ಟರು. 1911ರ ಜನಗಣತಿಯಲ್ಲಿ ಸಂಸ್ಥಾನದ ಜನ ಸುಮಾರು 58 ಲಕ್ಷ. ತಲೆಗೆ ಹತ್ತಿರ ಹತ್ತಿರ ಒಂದು ರೂಪಾಯಿ ಆಯಿತು, ತೊಟ್ಟಿಲ ಕೂಸೂ ಸೇರಿ. ಒಡೆಯರ ಮೇಲೆ ನನಗೆ ಬಹಳ ಗೌರವ. ಆದರೂ ಈ ಭಾಗಾಕಾರ ನಾನು ತರಗತಿಯಲ್ಲಿ ಮಾಡಿಸದೆ ಬಿಡುತ್ತಿರಲಿಲ್ಲ.

ಪ್ರಶ್ನೆ: ಈಗ ಆ ಪಡೆಯ ಗುರುತು ನೋಡೋಕೆ ಎಲ್ಲಿ ಸಿಗುತ್ತೆ? (ಓದುಗರು, ಹೊಳಲ್ಕೆರೆ)

ಉತ್ತರ: ಬೆಂಗಳೂರಿಗೆ ಹೋದರೆ ಜೆ.ಸಿ. ನಗರದಲ್ಲಿ ಲ್ಯಾನ್ಸರ್ಸ್ ಸ್ಮಾರಕ ಇದೆ. ದೆಹಲಿಯ ತೀನ್ ಮೂರ್ತಿಯಲ್ಲಿ ಮೈಸೂರು, ಜೋಧಪುರ, ಹೈದರಾಬಾದ್ ಪಡೆಗಳ ನೆನಪಿಗೆ ಮೂರು ಸೈನಿಕರ ಪ್ರತಿಮೆಗಳಿವೆ. 2018ರಿಂದ ಆ ಸರ್ಕಲ್ಲಿನ ಹೆಸರಿಗೆ ಹೈಫಾವೂ ಸೇರಿದೆ. ಮೂವರೂ ನೆಲದ ಮೇಲೆ ನಿಂತಿದ್ದಾರೆ. ಕುದುರೆ ಎಲ್ಲಿ ಅಂತ ನಮ್ಮಪ್ಪ ಕೇಳದೆ ಇರುತ್ತಿರಲಿಲ್ಲ.

ಪಡೆ 1953ರಲ್ಲಿ ಬೇರೆ ಸಂಸ್ಥಾನಗಳ ಕುದುರೆ ಪಡೆಗಳ ಜೊತೆ ಸೇರಿ ಭಾರತೀಯ ಸೇನೆಯ 61ನೇ ಕ್ಯಾವಲ್ರಿ ಆಯಿತು. ಅದರ ಮನೆ ಜೈಪುರ. ಅಷ್ಟು ದೂರ ಯಾಕೆ, ಜನವರಿ 26ಕ್ಕೆ ಬೆಳಿಗ್ಗೆ ಟಿವಿ ಹಾಕಿ. ದೆಹಲಿ ಪರೇಡಿನಲ್ಲಿ ರುಮಾಲು ಸುತ್ತಿದ ಸವಾರರು ಬರುತ್ತಾರಲ್ಲ, ಅವರೇ.