ಅಂಚಿನಲ್ಲಿ ಪೀಟ್ (ಅರೆಕೊಳೆತ ಪಾಚಿಯ ಪದರ) ಕಡಿದರೆ ಜೌಗಿನ ನಡುಭಾಗ ಯಾಕೆ ಒಣಗುತ್ತದೆ?

ಐರ್ಲೆಂಡಿನ ಕ್ಲಾರಾ ಬಾಗ್‌ನಂಥ ಉಬ್ಬು ಜೌಗು, ಅಂದರೆ ಸುತ್ತಲ ನೆಲಕ್ಕಿಂತ ಗುಮ್ಮಟದಂತೆ ಎತ್ತರಕ್ಕೆ ಬೆಳೆದ ಜೌಗು, ನೀರು ತುಂಬಿದ ಒಂದೇ ಸ್ಪಂಜಿನ ಹಾಗೆ. ಅಂಚಿಗೆ ಗಾಯವಾದರೆ ನಡುಭಾಗಕ್ಕೂ ತಟ್ಟುತ್ತದೆ.

ಇದರ ಮೇಲ್ಮೈಗೆ ಮಳೆನೀರೇ ಗತಿ. ಆ ನೀರನ್ನು ಹಿಡಿದಿಡೋದು ಸ್ಫ್ಯಾಗ್ನಮ್ ಅನ್ನೋ ಪಾಚಿ. ಒಂದು ಹಿಡಿ ಕಿತ್ತು ಹಿಂಡಿ, ಒದ್ದೆ ಬಟ್ಟೆಯಿಂದ ಸುರಿದಂತೆ ನೀರು ಸುರಿಯುತ್ತದೆ. ನೀರಲ್ಲಿ ಮುಳುಗಿ ಗಾಳಿ ಸಿಗದ ಸತ್ತ ಪಾಚಿ ಪೂರ್ತಿ ಕೊಳೆಯದೆ ಪೀಟ್ ಆಗುತ್ತದೆ. ಈ ಪೀಟ್ ಪದರ ಬೆಳೆಯೋದು ವರ್ಷಕ್ಕೆ ಸುಮಾರು 1 ಮಿ.ಮೀ. ಅಷ್ಟೇ!

ಒಲೆಯ ಉರುವಲಿಗೆಂದು ಅಂಚಿನಲ್ಲಿ ಪೀಟ್ ಕಡಿದು ಕಾಲುವೆ ತೋಡಿದರೆ ನೀರು ಬಸಿದು, ಪೀಟ್ ಕುಗ್ಗಿ, ನೆಲ ಕುಸಿಯುತ್ತದೆ. ಇಳಿಜಾರು ಜಾಸ್ತಿಯಾಗಿ ಮಳೆನೀರು ನಿಲ್ಲದೆ ಓಡುತ್ತದೆ. ಗಾಳಿ ಹೊಕ್ಕ ಪೀಟ್ ಕೊಳೆತು ಕಾರ್ಬನ್ ಡೈಆಕ್ಸೈಡ್ ಬಿಡುತ್ತದೆ. ಕಾಲುವೆಗೆ ಅಡ್ಡಗಟ್ಟೆ ಹಾಕಿದರೆ ನೀರೇನೋ ಮತ್ತೆ ನಿಂತೀತು, ಕುಸಿದ ನೆಲ ಮಾತ್ರ ಅಷ್ಟು ಸುಲಭಕ್ಕೆ ಮೇಲೇಳೋದಿಲ್ಲ.